ಬಿಲ್ಲಿಗಾಗಿ ಕಾದಿರುವ ಮಗಳಿಗೊಂದು ಪತ್ರ

ತೀರ್ಥಹಳ್ಳಿ

ಚಿರಂಜೀವಿ ಮಗಳಿಗೆ ಅಪ್ಪನ ಆಶೀರ್ವಾದಗಳು.

ಹೊಸನಗರದ ಕಡೆ ನೀನು ಕಟ್ಟಿಸಿದ ಕಾಲುಸಂಕ ಮೂರು ಮಳೆಗಾಲ ಕಂಡರೂ ಅದರ ಅಂತಿಮ ಬಿಲ್ಲು ಪಾಸಾಗಿಲ್ಲವೆಂದೂ, ನೋಟಿಸು ಕೊಟ್ಟರೆ ಮುಂದಿನ ಟೆಂಡರಿಗೆ ತೊಂದರೆಯಾದೀತೆಂದು ನೀನು ಹಿಂಜರಿಯುತ್ತಿರುವೆಯೆಂದೂ ನಿನ್ನಮ್ಮ ಹೇಳಿದಳು. ಒಂದು ಮೋರಿ ಕೆಲಸದ ಹಣವನ್ನು ನಾನು ಕಳೆದುಕೊಂಡದ್ದು ಇದೇ ಹಿಂಜರಿಕೆಯಿಂದ. ‘ಎಲ್‌ಒಸಿ, ಅಂದರೆ ಹಣ ಬಿಡುಗಡೆಯ ಪತ್ರ, ಬಂದ ಕೂಡಲೇ ನಿಮ್ಮದೇ ಮೊದಲು’ ಎಂಬ ಇಲಾಖೆಯವರ ಬಾಯಿಮಾತನ್ನು ನಂಬಿ, ಪ್ರತಿ ದೀಪಾವಳಿಗೆ ಒಂದೊಂದು ಮನವಿ ಬರೆದು ನಾಲ್ಕು ವರ್ಷ ಕಳೆದೆ. ಕೊನೆಗೆ ವಕೀಲರಲ್ಲಿಗೆ ಹೋದಾಗ ಅವರು ಮೊದಲು ಕೇಳಿದ್ದೇ ಕೆಲಸ ಮುಗಿದ ತಾರೀಖು.

ಪಾವತಿಗೆ ಕರಾರಿನಲ್ಲಿ ದಿನ ಗೊತ್ತುಮಾಡಿರದಿದ್ದರೆ, 1963ರ ಲಿಮಿಟೇಷನ್, ಅಂದರೆ ಕಾಲಮಿತಿ, ಕಾಯಿದೆಯಂತೆ ದಾವೆಗೆ ಕೆಲಸ ಮುಗಿದಂದಿನಿಂದ ಮೂರೇ ವರ್ಷ. ನಾವು ಎಷ್ಟು ಮನವಿ ಕೊಟ್ಟರೂ ಆ ಗಡುವು ಮುಂದೆ ಹೋಗದು. ಅದರೊಳಗೆ ಇಲಾಖೆಯೇ ಬಾಕಿಯನ್ನು ಸಹಿ ಮಾಡಿದ ಬರಹದಲ್ಲಿ ಒಪ್ಪಿಕೊಂಡರೆ ಆ ದಿನದಿಂದ ಹೊಸದಾಗಿ ಎಣಿಕೆ ಶುರುವಾಗುತ್ತದೆ. ನಿನ್ನ ಕೆಲಸ ಮುಗಿದದ್ದು ಮೇ ತಿಂಗಳಲ್ಲಿ. ಬರುವ ಮೇಗೆ ಮೂರು ವರ್ಷ ತುಂಬುತ್ತದೆ. ಆದ್ದರಿಂದ ಮಾಹಿತಿ ಹಕ್ಕಿನಡಿ ಎಂ.ಬಿ., ಅಂದರೆ ಕೆಲಸದ ಅಳತೆ ಬರೆದಿಡುವ ಪುಸ್ತಕದ, ಪುಟಗಳ ಮತ್ತು ಕಡತದ ಟಿಪ್ಪಣಿಗಳ ದೃಢೀಕೃತ ಪ್ರತಿಗಳನ್ನು ಈಗಲೇ ಕೇಳು. ಉತ್ತರಕ್ಕೆ ಅವರಿಗಿರುವುದು 30 ದಿನ. ಬಾಕಿಯನ್ನು ಒಪ್ಪಿದ ಒಂದು ಸಾಲು ಅಲ್ಲೇ ಸಿಕ್ಕರೂ ಸಿಗಬಹುದು.

ಕರಾರಿನಲ್ಲಿ ಪಂಚಾಯ್ತಿಕೆಯ, ಅಂದರೆ ಆರ್ಬಿಟ್ರೇಷನ್ನಿನ, ಕಲಮು ಇದೆಯೇ ನೋಡು. ಇದ್ದರೆ 1996ರ ಕಾಯಿದೆಯಡಿ ಅದಕ್ಕೆ ನೋಟಿಸು ಕೊಡಬೇಕು. ಇಲ್ಲದಿದ್ದರೆ ದಾವೆಗೆ ಮುಂಚೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೇ ಕಲಮಿನಂತೆ ಸರ್ಕಾರಕ್ಕೆ ಎರಡು ತಿಂಗಳ ನೋಟಿಸು ಕೊಡಬೇಕಾಗುತ್ತದೆ. ಆ ಎರಡು ತಿಂಗಳನ್ನು ಮೂರು ವರ್ಷದ ಲೆಕ್ಕಕ್ಕೆ ಹಿಡಿಯುವುದಿಲ್ಲ. ಸರ್ಕಾರಕ್ಕೆ ನೇರ ಆದೇಶ ಕೊಡಿಸುವ ರಿಟ್ ಅರ್ಜಿಯನ್ನು ಬೆಂಗಳೂರಿನ ಹೈಕೋರ್ಟಿಗೆ ಹಾಕೆಂದು ನಿನ್ನ ಗೆಳೆಯರು ಹೇಳುತ್ತಿರಬಹುದು. ಮೊತ್ತವನ್ನು ಇಲಾಖೆ ಒಪ್ಪಿಕೊಂಡಿದ್ದರೆ ಸಂವಿಧಾನದ 226ನೇ ವಿಧಿಯ ಆ ದಾರಿ ಹತ್ತಿರದ್ದೇ. ಅಳತೆಯಲ್ಲೋ ಗುಣಮಟ್ಟದಲ್ಲೋ ತಕರಾರಿದ್ದರೆ ಸಾಮಾನ್ಯವಾಗಿ ಸಿವಿಲ್ ಕೋರ್ಟಿಗೇ ಹೋಗೆನ್ನುತ್ತಾರೆ. 2006ರ ಸಣ್ಣ ಉದ್ಯಮಗಳ ಕಾಯಿದೆಯಲ್ಲಿ ತಡವಾದ ಹಣಕ್ಕೆ ಬ್ಯಾಂಕ್ ದರದ ಮೂರು ಪಟ್ಟು ಚಕ್ರಬಡ್ಡಿಯುಂಟು, ಆದರೆ ಕಾಮಗಾರಿ ಗುತ್ತಿಗೆಗೆ ಅದು ಅನ್ವಯಿಸುವುದೇ ಎಂಬಲ್ಲಿ ಹೈಕೋರ್ಟುಗಳ ಅಭಿಪ್ರಾಯ ಒಂದೇ ಆಗಿಲ್ಲ; ಅದೊಂದನ್ನೇ ನೆಚ್ಚಬೇಡ.

ಎಂಜಿನಿಯರರ ಬಾಯಿಮಾತಿನ ಮೇಲೆ ನೀನು ಹೆಚ್ಚುವರಿಯಾಗಿ ಕಟ್ಟಿದ ತಡೆಗೋಡೆಯನ್ನು ಬಿಟ್ಟುಕೊಡಬೇಡ. ಬಿಟ್ಟಿಯೆಂದು ಮಾಡದ ಕೆಲಸದ ಪ್ರಯೋಜನ ಪಡೆದವರು ಅದಕ್ಕೆ ಪರಿಹಾರ ಕೊಡಬೇಕೆಂದು 1872ರ ಕರಾರು ಕಾಯಿದೆಯ 70ನೇ ಕಲಮು ಹೇಳುತ್ತದೆ, ಅದು ಸರ್ಕಾರಕ್ಕೂ ಅನ್ವಯಿಸುತ್ತದೆಂದು ಸುಪ್ರೀಂ ಕೋರ್ಟು 1961ರಷ್ಟು ಹಿಂದೆಯೇ ಹೇಳಿದೆ.

ಸೋಮವಾರ ಮೊದಲ ಬಸ್ಸಿಗೆ ಶಿವಮೊಗ್ಗಕ್ಕೆ ಬರುತ್ತೇನೆ. ವರ್ಕ್ ಆರ್ಡರ್, ಕರಾರು, ಮನವಿಗಳ ಸ್ವೀಕೃತಿಗಳನ್ನೆಲ್ಲ ಹೊಂದಿಸಿಟ್ಟುಕೋ, ವಕೀಲರಲ್ಲಿಗೆ ಕೂಡಿಯೇ ಹೋಗೋಣ. ಅಷ್ಟರೊಳಗೆ ಅರ್ಧ ಹಣ ಕೊಟ್ಟು ‘ಇನ್ನಾವ ಬಾಕಿಯೂ ಇಲ್ಲ’ ಎಂದು ಬರೆಸಿಕೊಳ್ಳಲು ಯಾರಾದರೂ ಬಂದರೆ ಸಹಿ ಹಾಕಬೇಡ.

ನಿನ್ನ ಅಪ್ಪ