ಬನಕ್ಕೆ ಮತ್ತೆ ಮರ ಬೇಕು: ನಮ್ಮ ನಾಗಬನದ ಕೆಲಸಕ್ಕೆ ದೇಣಿಗೆ ಮನವಿ

ಊರಿನ ಮತ್ತು ಪರವೂರಿನ ಬಂಧುಗಳಿಗೆ ನಮಸ್ಕಾರ.

ನಮ್ಮ ಗ್ರಾಮದ ನಾಗಬನದ ಕೆಲಸಕ್ಕೆ ನಿಮ್ಮ ಸಹಾಯ ಕೇಳಲು ಈ ಪತ್ರ ಬರೆಯುತ್ತಿದ್ದೇವೆ. ಗ್ರಾನೈಟ್ ಹಾಸುವ ಯೋಚನೆ ಇಲ್ಲ. ತಗಡಿನ ಮಾಡು ಹಾಕುವುದಿಲ್ಲ, ಕಮಾನು ಕಟ್ಟುವುದೂ ಇಲ್ಲ. ಈಗ ಇರುವ ಇಂಟರ್‌ಲಾಕ್ (ಸಿಮೆಂಟ್ ಇಟ್ಟಿಗೆಯ ಹಾಸು) ಕಿತ್ತು ತೆಗೆದು, ಆ ಜಾಗದಲ್ಲಿ ಕಾಡು ಬೆಳೆಸಬೇಕೆಂದು ಸಭೆಯಲ್ಲಿ ತೀರ್ಮಾನ ಆಗಿದೆ.

"ದುಡ್ಡು ಕೊಟ್ಟು ಹಾಕಿಸಿದ್ದನ್ನು ದುಡ್ಡು ಕೊಟ್ಟೇ ತೆಗೆಸುವುದಾ?" ಎಂದು ಸಭೆಯಲ್ಲೇ ಹಿರಿಯರೊಬ್ಬರು ಕೇಳಿದರು. ಕೇಳಬೇಕಾದ ಪ್ರಶ್ನೆಯೇ. ಉತ್ತರ ಸ್ವಲ್ಪ ಉದ್ದ ಇದೆ, ದಯವಿಟ್ಟು ಓದಿ.

ಕರಾವಳಿಯಲ್ಲಿ ಬನ ಅಂದರೆ ಮರಗಳ ಗುಂಪು. ಸುರಗಿ, ರೆಂಜೆ, ಹಾಲೆ, ಹಲಸು, ಅವಕ್ಕೆ ಸುತ್ತಿಕೊಂಡ ಬಳ್ಳಿಗಳು, ಕೆಳಗೆ ತರಗೆಲೆ, ನಡುವೆ ಎಲ್ಲೋ ಒಂದು ಹುತ್ತ. ಮರದ ಬುಡದಲ್ಲಿ ನಾಗನ ಕಲ್ಲು. ಗುಡಿ ಇರಲಿಲ್ಲ. ನಾಗನಿಗೆ ಬಿಸಿಲು, ಮಳೆ ತಾಗಬೇಕು ಎನ್ನುತ್ತಿದ್ದರು. ಬನದ ಮರಕ್ಕೆ ಕತ್ತಿ ತಾಗಿಸಬಾರದು, ಬಿದ್ದ ಕಟ್ಟಿಗೆಯನ್ನೂ ಒಲೆಗೆ ತರಬಾರದು, ಕಾರಣ ಇಲ್ಲದೆ ಒಳಗೆ ಹೋಗಬಾರದು. ಈ "ಬಾರದು"ಗಳೇ ಬನವನ್ನು ಇಷ್ಟು ಕಾಲ ಕಾದವು. ಗಾರ್ಡ್ ಇರಲಿಲ್ಲ, ತಂತಿಬೇಲಿ ಇರಲಿಲ್ಲ. ನಾಗದೋಷದ ಹೆದರಿಕೆ ಇತ್ತು, ಇಲ್ಲ ಎನ್ನುವುದಿಲ್ಲ. ಆದರೆ ಹೆದರಿಕೆ ಒಂದೇ ಆಗಿದ್ದರೆ ಜನ ಯಾವುದಾದರೂ ಪರಿಹಾರ ಮಾಡಿಸಿ ಮರ ಕಡಿಯುತ್ತಿದ್ದರು. ಊರಲ್ಲಿ ಒಂದಿಷ್ಟು ಜಾಗ ನಮ್ಮದಲ್ಲ, ಅದರಿಂದ ನಾವು ಏನೂ ತೆಗೆದುಕೊಳ್ಳುವಂತಿಲ್ಲ ಎಂಬ ಮರ್ಯಾದೆಯೂ ಇತ್ತು. ಕೊಡಗಿನ ದೇವರಕಾಡುಗಳು ನಿಂತಿದ್ದೂ ಇದೇ ಮರ್ಯಾದೆಯ ಮೇಲೆ. ಅಲ್ಲಿ 1,200ಕ್ಕೂ ಜಾಸ್ತಿ ದೇವರಕಾಡುಗಳಿವೆ. ಅಯ್ಯಪ್ಪನ ಕಾಡಿಗೆ ಮಣ್ಣಿನ ನಾಯಿಯನ್ನು ಹರಕೆ ಒಪ್ಪಿಸಿ ಬರುತ್ತಾರೆ. ಕಾಡಿಗೆ ಕೊಡುವುದುಂಟು, ಅಲ್ಲಿಂದ ತರುವುದಿಲ್ಲ.

ನಮ್ಮ ಬನ ಬೋಳಾದದ್ದು ಭಕ್ತಿ ಕಡಿಮೆಯಾಗಿ ಅಲ್ಲ. ಮುಂಬೈ, ದುಬೈಯಲ್ಲಿ ದುಡಿಯುವವರು ಪ್ರೀತಿಯಿಂದ ಹಣ ಕಳಿಸಿದರು. ಊರಲ್ಲಿದ್ದವರು ಅಷ್ಟೇ ಪ್ರೀತಿಯಿಂದ ನಿಂತು ಕೆಲಸ ಮಾಡಿಸಿದರು. ಕಟ್ಟೆ ಬಂತು, ಆವರಣ ಗೋಡೆ ಬಂತು, ಅಂಗಳಕ್ಕೆ ಇಂಟರ್‌ಲಾಕ್ ಬಂತು. ಕರಾವಳಿಯ ಎಷ್ಟೋ ಬನಗಳ ಕತೆ ಇದೇ. ಕಸ ಗುಡಿಸುವುದು ಸುಲಭ, ಕಾಲಿಗೆ ಕೆಸರಾಗುವುದಿಲ್ಲ, ಫೋಟೋ ಚಂದ ಬರುತ್ತದೆ. ಈಗ ಅದೇ ಅಂಗಳದಲ್ಲಿ ನಿಜವಾದ ನಾಗರಹಾವು ಕಂಡರೆ ಹಾವು ಹಿಡಿಯುವವರಿಗೆ ಫೋನ್ ಹೋಗುತ್ತದೆ. ಕಲ್ಲಿನ ನಾಗನಿಗೊಂದು ನ್ಯಾಯ, ಹರಿದಾಡುವ ನಾಗನಿಗೊಂದು ನ್ಯಾಯ ಎಂಬ ಮಾತು ವಚನಕಾರರ ಕಾಲದಷ್ಟು ಹಳೆಯದು, ಬಿಡಿ. ಹಾವು ಹಾಲು ಕುಡಿದು ಬದುಕುವ ಪ್ರಾಣಿಯಲ್ಲ ಎಂದು ಶಾಲೆಯ ಮಕ್ಕಳಿಗೂ ಗೊತ್ತು. ಅದಕ್ಕೆ ಹುತ್ತ ಬೇಕು, ತಂಪು ಬೇಕು, ಇಲಿ, ಕಪ್ಪೆ ಬೇಕು. ಗದ್ದೆಯ ಇಲಿ ತಿಂದು ನಮ್ಮ ಭತ್ತ ಉಳಿಸುವುದೂ ಅದೇ ಹಾವು.

ಇನ್ನೊಂದು ಸಂಗತಿ ನಮಗೆ ಜಾಸ್ತಿ ಮುಖ್ಯ ಅನಿಸಿತು. ನಮ್ಮ ಆಚರಣೆಗಳಿಗೇ ಕಾಡು ಬೇಕು. ನಾಗನಿಗೆ ಕೇದಗೆ ಇಷ್ಟ ಎನ್ನುತ್ತೇವೆ. ತೋಡಿನ ಬದಿಯ ಕೇದಗೆ ಪೊದೆಗಳನ್ನು ಕಡಿದು ಮುಗಿಸಿ, ಪಂಚಮಿಯ ಹಿಂದಿನ ದಿನ ಪೇಟೆಯಲ್ಲಿ ಹೇಳಿದಷ್ಟು ಕೊಟ್ಟು ತರುತ್ತೇವೆ. ತುಳುವರ ಆಟಿ ತಿಂಗಳ ಅಮಾವಾಸ್ಯೆಗೆ ಹಾಲೆ ಮರದ ತೊಗಟೆಯ ಕಷಾಯ ಕುಡಿಯಬೇಕು. ಸೂರ್ಯ ಹುಟ್ಟುವ ಮೊದಲೇ ಹೋಗಿ, ಕಬ್ಬಿಣ ತಾಗಿಸದೆ, ಕಲ್ಲಿನಿಂದ ಜಜ್ಜಿ ತೊಗಟೆ ತೆಗೆಯುವುದು ಕ್ರಮ. ಕ್ರಮ ಎಲ್ಲರಿಗೂ ಗೊತ್ತು, ಮರ ಎಲ್ಲಿದೆ ಎಂದು ಮಕ್ಕಳಿಗೆ ಗೊತ್ತಿಲ್ಲ. ಕತ್ತಲಲ್ಲಿ ಗುರುತು ತಪ್ಪಿ ಕಾಸರಕನ ತೊಗಟೆ ತಂದರೆ ಅದು ವಿಷ, ಜೀವಕ್ಕೇ ಅಪಾಯ. ನೆಲದ ಮೇಲೆ ಬಣ್ಣದ ಪುಡಿಯಲ್ಲಿ ನಾಗನ ಮಂಡಲ ಬರೆದು ಆರಾಧಿಸುವ ನಾಗಮಂಡಲವನ್ನೇ ನೋಡಿ. ಹಳದಿಗೆ ಅರಸಿನ, ಕೆಂಪಿಗೆ ಅರಸಿನಕ್ಕೆ ಸುಣ್ಣ, ಹಸಿರಿಗೆ ಎಲೆಯ ಪುಡಿ, ಕಪ್ಪಿಗೆ ಸುಟ್ಟ ಭತ್ತದ ಹೊಟ್ಟು. ಬಣ್ಣದ ಡಬ್ಬಿ ತಂದು ಮಂಡಲ ಬರೆದರೆ ನಾವು ಒಪ್ಪುತ್ತೇವಾ? ಮಂಡಲದ ಬಣ್ಣದಲ್ಲಿ ಅಷ್ಟು ಕಟ್ಟುನಿಟ್ಟು ಇರುವ ನಾವು ಬನದ ನೆಲಕ್ಕೆ ಸಿಮೆಂಟ್ ಹೇಗೆ ಒಪ್ಪಿದೆವೋ!

ನೀರಿನ ವಿಷಯವೂ ಇದೆ. 2019ರ ಮೇ ತಿಂಗಳಲ್ಲಿ ನೇತ್ರಾವತಿ ಸೊರಗಿದಾಗ, ಧರ್ಮಸ್ಥಳಕ್ಕೆ ಬರುವುದನ್ನು ಸ್ವಲ್ಪ ದಿನ ಮುಂದೂಡಿ ಎಂದು ಧರ್ಮಾಧಿಕಾರಿಗಳೇ ಭಕ್ತರಲ್ಲಿ ಕೇಳಿಕೊಂಡರು. ನೀರಿಲ್ಲದಿದ್ದರೆ ತೀರ್ಥವೂ ಇಲ್ಲ, ಅಭಿಷೇಕವೂ ಇಲ್ಲ. ಇಷ್ಟು ಮಳೆ ಬೀಳುವ ಜಿಲ್ಲೆಗಳಲ್ಲಿ ಏಪ್ರಿಲ್‌ಗೆ ಬಾವಿಯ ತಳ ಕಾಣುತ್ತದೆ. ಇಂಟರ್‌ಲಾಕ್ ಮೇಲೆ ಬಿದ್ದ ಮಳೆ ನೇರ ಚರಂಡಿಗೆ. ತರಗೆಲೆ ಮತ್ತು ಬೇರು ಇರುವ ನೆಲದಲ್ಲಿ ಅದೇ ನೀರು ನಿಧಾನವಾಗಿ ಇಳಿಯುತ್ತದೆ.

ಕೆಲಸ ಹೀಗೆ. ನಾಗನ ಕಲ್ಲುಗಳನ್ನು ಕದಲಿಸುವುದಿಲ್ಲ. ಈ ಬಗ್ಗೆ ತಂತ್ರಿಗಳಲ್ಲಿ ಕೇಳಿದ್ದೇವೆ, ಅವರ ಒಪ್ಪಿಗೆ ಇದೆ. ಪೂಜೆಗೆ ನಿಲ್ಲುವಷ್ಟು ಜಾಗ ಮತ್ತು ಒಂದು ಕಾಲುದಾರಿ ಬಿಟ್ಟು ಉಳಿದ ಹಾಸು ತೆಗೆಯುತ್ತೇವೆ. ಕೆಳಗಿನ ಜಲ್ಲಿ ತೆಗೆದು ಮಣ್ಣು, ಸೊಪ್ಪು ತುಂಬಿಸಬೇಕು. ಮಳೆ ಹಿಡಿದ ಕೂಡಲೇ ಸುರಗಿ, ರೆಂಜೆ, ಹಾಲೆ, ಧೂಪ, ರಾಮಪತ್ರೆ, ಪುನರ್ಪುಳಿ, ನೇರಳೆ ನೆಡುತ್ತೇವೆ. ತೋಡಿನ ಕಡೆಗೆ ಕೇದಗೆ. ಗಿಡ ನೆಡುವುದು ಒಂದು ದಿನದ ಕೆಲಸ, ಅದಕ್ಕೆ ಫೋಟೋ ತೆಗೆಯುವವರೂ ಬರುತ್ತಾರೆ. ಮಾರ್ಚ್, ಏಪ್ರಿಲ್‌ನಲ್ಲಿ ನೀರು ಹಾಕುವವರು ಬೇಕು. ನಿಮ್ಮ ಹಣದ ದೊಡ್ಡ ಪಾಲು ಹೋಗುವುದು ಅಲ್ಲಿಗೇ. ಒಂದು ಗಿಡವನ್ನು ಮೂರು ಬೇಸಿಗೆ ದಾಟಿಸಲು 600 ರೂಪಾಯಿ ಲೆಕ್ಕ ಹಾಕಿದ್ದೇವೆ. ಹಾಸು ತೆಗೆಸುವ ಖರ್ಚಿಗೆ ಬೇರೆಯಾಗಿ ಕೊಡಬಹುದು. ಹಣ ಆಗದವರು ತಮ್ಮ ಮನೆಯ ಹಳೆ ಮರದ ಬೀಜ ಕೊಡಿ, ಒಂದು ಭಾನುವಾರ ಬಂದು ಕೈ ಜೋಡಿಸಿ.

"ಕಾಡಾದರೆ ಹಾವು ಬರುತ್ತದಲ್ಲ?" ಎನ್ನುವವರಿಗೆ: ಹೌದು, ಬರುತ್ತದೆ. ಅದು ಅದರದ್ದೇ ಜಾಗ. ದಾರಿಯ ಎರಡೂ ಬದಿ ಚೊಕ್ಕಟವಾಗಿ ಇಡುತ್ತೇವೆ, ಸಂಜೆ ಮೇಲೆ ಒಳಗೆ ಹೋಗುವಂತಿಲ್ಲ. ಹಿಂದೆಯೂ ಹಾಗೇ ಇತ್ತು. ನಾಗಮಂಡಲ, ಆಶ್ಲೇಷ ಬಲಿ ನಿಲ್ಲಿಸುತ್ತೀರಾ ಎಂದೂ ಕೇಳಿದ್ದಾರೆ. ಇಲ್ಲ. ಹರಕೆ ಹೊತ್ತವರು ಧಾರಾಳವಾಗಿ ಮಾಡಿಸಲಿ. ಅದರ ಜೊತೆ ಹತ್ತು ಗಿಡದ ಖರ್ಚನ್ನೂ ಸೇರಿಸಿ ಎಂದಷ್ಟೇ ಕೇಳುತ್ತಿದ್ದೇವೆ.

ದಾನಿಗಳ ಹೆಸರನ್ನು ಕಲ್ಲಿನಲ್ಲಿ ಕೆತ್ತಿಸುವುದಿಲ್ಲ, ಮರಕ್ಕೆ ಮೊಳೆ ಹೊಡೆದು ಬೋರ್ಡ್ ಹಾಕುವುದಂತೂ ಇಲ್ಲವೇ ಇಲ್ಲ. ಸಮಿತಿಯ ಪುಸ್ತಕದಲ್ಲಿ ಬರೆದು ರಸೀದಿ ಕೊಡುತ್ತೇವೆ. ಪರವೂರಿನವರು ಮನೆಯವರ ಮೂಲಕ ಖಜಾಂಚಿಯವರಿಗೆ ತಲುಪಿಸಬಹುದು. ಲೆಕ್ಕವನ್ನು ನಾಗರಪಂಚಮಿಯ ದಿನ ತನು (ನಾಗನಿಗೆ ಹಾಲು, ಎಳನೀರು) ಎರೆದ ಮೇಲೆ ಎಲ್ಲರ ಎದುರು ಓದುತ್ತೇವೆ. ಎಷ್ಟು ಗಿಡ ಬದುಕಿದೆ, ಎಷ್ಟು ಸತ್ತಿದೆ ಎಂಬ ಲೆಕ್ಕವೂ ಅದರಲ್ಲೇ ಇರುತ್ತದೆ.

ಇತಿ,
ನಾಗಬನ ಸಮಿತಿಯ ಪರವಾಗಿ