ಅದು ಹಲ್ಲಿ ಅಲ್ಲ ಸ್ವಾಮಿ

ಮಾನ್ಯ ಸಂಪಾದಕರೇ,

ಕಳೆದ ಭಾನುವಾರದ ಪುರವಣಿಯಲ್ಲಿ ಮಧ್ಯ ಅಮೆರಿಕದ ಗ್ವಾಟೆಮಾಲಾ ದೇಶದ ಹಳದಿ ಸಲಮಾಂಡರ್ ಬಗ್ಗೆ ಪುಟ್ಟ ಬರಹವೊಂದು ಬಂದಿತ್ತು. ಖುಷಿಯಿಂದ ಓದಲು ಕೂತವಳು ಶೀರ್ಷಿಕೆಯಲ್ಲೇ ಮುಗ್ಗರಿಸಿದೆ. ‘ಮೋಡದ ಕಾಡಿನ ಚಿನ್ನದ ಹಲ್ಲಿ’ ಅಂತ ಹಾಕಿದ್ದೀರಿ. ಅದು ಹಲ್ಲಿ ಅಲ್ಲ, ಓತಿಕ್ಯಾತವೂ ಅಲ್ಲ. ಕಪ್ಪೆಯ ಬಳಗದ್ದು.

ಸುಮ್ನೆ ತಪ್ಪು ಹುಡುಕುತ್ತಾಳೆ ಈ ಮುದುಕಿ ಅಂದುಕೊಳ್ಳಬೇಡಿ. 29 ವರ್ಷ ಪ್ರಾಣಿಶಾಸ್ತ್ರ ಪಾಠ ಮಾಡಿದವಳು ನಾನು. ನಮ್ಮ ಲ್ಯಾಬಿನಲ್ಲಿ ಫಾರ್ಮಲಿನ್ ತುಂಬಿದ ಬಾಟಲಿಯೊಳಗೆ ಒಂದು ಸಲಮಾಂಡರ್ ಇತ್ತು. ಬಣ್ಣವೆಲ್ಲ ಬಿಟ್ಟು ಹಳೇ ಮೇಣದ ಹಾಗೆ ಕಾಣುತ್ತಿತ್ತು. ಬಾಲ ತಳಕ್ಕೆ ಒತ್ತಿ ಸೊಟ್ಟಗಾಗಿತ್ತು. ಪ್ರಾಕ್ಟಿಕಲ್ ಪರೀಕ್ಷೆಗೆ ಸ್ಪಾಟರ್ ಅಂತ, ಅಂದರೆ ನೋಡಿ ಹೆಸರು ಗುರುತಿಸಲು, ಅದನ್ನೇ ಇಡುತ್ತಿದ್ದೆ. ಪ್ರತಿ ವರ್ಷ ಅರ್ಧ ತರಗತಿ ‘ಹಲ್ಲಿ’ ಅಂತಲೇ ಬರೆಯುತ್ತಿತ್ತು! ಪರೀಕ್ಷೆ ಮುಗಿದ ಮೇಲೆ ಬಾಟಲಿಯನ್ನು ಬೆಳಕಿಗೆ ಹಿಡಿದು, ‘ಬೆರಳು ಎಣಿಸಿ, ಉಗುರು ಹುಡುಕಿ’ ಅನ್ನುತ್ತಿದ್ದೆ. ಮುಂಗಾಲಿಗೆ ನಾಲ್ಕೇ ಬೆರಳು, ಹಲ್ಲಿಗಾದರೆ ಐದು. ಉಗುರಂತೂ ಇಲ್ಲವೇ ಇಲ್ಲ. ಮೈಮೇಲೆ ಹುರುಪೆ ಇಲ್ಲ, ಬರೀ ನುಣುಪು ಚರ್ಮ.

ಆ ಚರ್ಮಕ್ಕಾಗಿಯೇ ಈ ಪತ್ರ ಬರೆಯುತ್ತಿದ್ದೇನೆ. ನೀವು ಚಿತ್ರ ಹಾಕಿದ್ದ ಜಾಕ್ಸನ್ ಸಲಮಾಂಡರ್‌ಗೆ ಶ್ವಾಸಕೋಶವೇ ಇಲ್ಲ. ಚರ್ಮ ಮತ್ತು ಬಾಯಿಯ ಒಳಪದರದ ಮೂಲಕವೇ ಅದು ಉಸಿರಾಡುತ್ತದೆ. ಅದಕ್ಕೆ ಚರ್ಮ ಸದಾ ಒದ್ದೆಯಾಗಿರಬೇಕು. ಹಲ್ಲಿಯ ಬಳಗದವು ಬಿಸಿಲು ಕಾಯಿಸಿಕೊಳ್ಳುತ್ತವೆ. ಇದು ಬಿಸಿಲಿಗೆ ಬಿದ್ದರೆ ಚರ್ಮ ಒಣಗಿ ಉಸಿರು ಕಟ್ಟುತ್ತದೆ. ಗ್ವಾಟೆಮಾಲಾದ ಕುಚುಮತಾನೆಸ್ ಬೆಟ್ಟಗಳಲ್ಲಿ ಮೋಡ ಮರಗಳನ್ನು ಸವರಿಕೊಂಡು ಹೋಗುತ್ತದಲ್ಲ, ಪಾಚಿಯಿಂದ ನೀರು ತೊಟ್ಟಿಕ್ಕುತ್ತಿರುತ್ತದಲ್ಲ, ಅಂಥ ಕಡೆ ಮಾತ್ರ ಅದಕ್ಕೆ ಬದುಕು. ಕಾಫಿಗೋ ಸೌದೆಗೋ ಮರ ಕಡಿದವನು ಪ್ರಾಣಿಯನ್ನು ಮುಟ್ಟಿರುವುದಿಲ್ಲ. ನೆರಳು ಹೋಯಿತು, ತೇವ ಹೋಯಿತು, ಪ್ರಾಣಿಯೂ ಹೋಯಿತು. ಹಲ್ಲಿ ಅಂತ ಓದಿದವರಿಗೆ ಇದು ಹೊಳೆಯುವುದು ಹೇಗೆ? ‘ಹಲ್ಲಿ ತಾನೇ, ಇನ್ನೊಂದು ಗೋಡೆಗೆ ಹೋಗುತ್ತೆ ಬಿಡಿ’ ಅಂದುಕೊಳ್ಳುತ್ತಾರೆ.

ಈ ಸಲಮಾಂಡರ್‌ನ ಹತ್ತಿರದ ಬಳಗದವು ಮೊಟ್ಟೆಯನ್ನೂ ನೀರಿನಲ್ಲಿ ಇಡುವುದಿಲ್ಲ. ನೆಲದ ಮೇಲೆ ತೇವ ಇರುವ ಜಾಗ ಸಾಕು. ಗೊದಮೊಟ್ಟೆ ಹಂತವೇ ಇಲ್ಲದೆ ಪುಟಾಣಿ ಸಲಮಾಂಡರ್ ನೇರವಾಗಿ ಹೊರಬರುತ್ತದೆ. ಹಾಗೆ ನೋಡಿದರೆ ನೀರು, ನೆಲ ಎರಡರಲ್ಲೂ ಬಾಳುವ ‘ಉಭಯವಾಸಿ’ ಅನ್ನುವ ಹೆಸರೂ ಇದಕ್ಕೆ ಪೂರ್ತಿ ಒಪ್ಪುವುದಿಲ್ಲ. ಆ ಮಾತು ಬೇರೆ.

ಇನ್ನೊಂದು ತಕರಾರು. ‘ವಿಜ್ಞಾನಿಗಳು ಮತ್ತೆ ಪತ್ತೆ ಹಚ್ಚಿದರು’ ಅಂತ ಬರೆದಿದ್ದೀರಿ. 1975ರಲ್ಲಿ ಜೆರೆಮಿ ಜಾಕ್ಸನ್ ಮತ್ತು ಪಾಲ್ ಇಲಿಯಾಸ್ ಎಂಬ ಹುಡುಗರಿಬ್ಬರು ಇದನ್ನು ಮೊದಲು ಕಂಡದ್ದು. 1984ರಲ್ಲಿ ಇಲಿಯಾಸ್ ಗೆಳೆಯನ ಹೆಸರನ್ನೇ ಅದಕ್ಕೆ ಇಟ್ಟರು. ಆಮೇಲೆ ಎಷ್ಟು ಹುಡುಕಿದರೂ ಸಿಗಲಿಲ್ಲ. ಸಂರಕ್ಷಣಾ ಸಂಸ್ಥೆಯೊಂದು ಹುಡುಕಲೆಂದು ಮಾಡಿದ, ಕಳೆದುಹೋದ 25 ಜೀವಿಗಳ ಪಟ್ಟಿಗೂ ಸೇರಿತು. 42 ವರ್ಷದ ನಂತರ, 2017ರ ಅಕ್ಟೋಬರಿನಲ್ಲಿ, ಅದರ ಮರಿಯೊಂದು ಕಣ್ಣಿಗೆ ಬಿದ್ದದ್ದು ಅಲ್ಲಿನ ರಕ್ಷಿತ ಕಾಡಿನ ಕಾವಲುಗಾರನಿಗೆ. ಗಸ್ತಿನ ನಡುವೆ ಊಟಕ್ಕೆ ಕೂತಿದ್ದಾಗ! ಆ ಪಟ್ಟಿಯಲ್ಲಿ ಮೊದಲು ಸಿಕ್ಕ ಜೀವಿ ಅದೇ. ಬರಹದಲ್ಲಿ ಆ ಮನುಷ್ಯನಿಗೆ ಒಂದು ಸಾಲು ಜಾಗ ಸಿಗಬೇಕಿತ್ತು, ಅಲ್ವಾ?

ಕನ್ನಡದಲ್ಲಿ ಪದ ಇಲ್ಲ ಅಂತ ಹಲ್ಲಿ ಅಂದಿರಬಹುದು. ನಮ್ಮ ದೇಶದಲ್ಲಿ ಪೂರ್ವ ಹಿಮಾಲಯ, ಈಶಾನ್ಯದ ಗುಡ್ಡಗಳನ್ನು ಬಿಟ್ಟರೆ ಸಲಮಾಂಡರ್ ಎಲ್ಲೂ ಇಲ್ಲ. ಕಾಣದ ಪ್ರಾಣಿಗೆ ಹೆಸರು ಎಲ್ಲಿಂದ ಬರಬೇಕು? ಆದರೆ ಪೆಂಗ್ವಿನ್ನನ್ನು ನಾವು ಬಾತುಕೋಳಿ ಅನ್ನುವುದಿಲ್ಲವಲ್ಲ. ಸಲಮಾಂಡರ್ ಅಂತಲೇ ಶೀರ್ಷಿಕೆಯಲ್ಲೂ ಹಾಕಿ.

ನನ್ನ ಮೊಮ್ಮಗಳು ಆ ಚಿತ್ರವನ್ನು ಕತ್ತರಿಸಿ ನೋಟ್‌ಬುಕ್ಕಿಗೆ ಅಂಟಿಸಿಕೊಂಡಿದ್ದಾಳೆ, ಶೀರ್ಷಿಕೆ ಸಮೇತ. ತಿದ್ದುಪಡಿಯನ್ನು ಅದೇ ಅಳತೆಯ ಅಕ್ಷರದಲ್ಲಿ ಹಾಕಿ, ಸರಿಯಾಗಿ ಅದರ ಮೇಲೆ ಕೂರುತ್ತದೆ.

ಇಂತಿ,
ನಿವೃತ್ತ ಪ್ರಾಣಿಶಾಸ್ತ್ರ ಅಧ್ಯಾಪಕಿ