ಬುಂಡಪ್ಪಂಗೆ ತಾಯತ ಯಾಕೆ?

ಸಂಪಾದಕರೇ,

ಮಗು ಒಂದೇ ಕೂತ್ಕೊಂಡು ಯಾರ ಜೊತೆನೋ ಮಾತಾಡ್ತಿದ್ರೆ ಹಳೇ ಕಾಲದವ್ರು ಗಾಳಿ ಸೋಕಿದೆ ಅಂತ ನಿವಾಳಿಸಿ ತಾಯತ ಕಟ್ಟಿಸ್ತಾರೆ, ಈಗಿನವ್ರು ಮೊಬೈಲಲ್ಲಿ ಸರ್ಚ್ ಮಾಡಿ ಏನೇನೋ ಕಾಯಿಲೆ ಹೆಸ್ರು ಓದ್ಕೊಂಡು ರಾತ್ರಿಯಿಡೀ ನಿದ್ದೆ ಕೆಡಿಸ್ಕೊಳ್ತಾರೆ. ಎರಡೂ ಬೇಡ ಅಂತ ಹೇಳೋಕೇ ಈ ಪತ್ರ.

ನನ್ನ ನಾಲ್ಕು ವರ್ಷದ ಮೊಮ್ಮಗಳಿಗೂ ಬುಂಡಪ್ಪ ಅಂತ ಒಬ್ಬ ಕಲ್ಪನೆಯ ಗೆಳೆಯ ಇದಾನೆ. ಯಾರ ಕಣ್ಣಿಗೂ ಕಾಣಲ್ಲ, ಆದ್ರೆ ಉಪ್ಪಿಟ್ಟು ಮಾಡಿದ ದಿನ ತಪ್ಪದೇ ಬರ್ತಾನೆ, ಅವನಿಗೆ ಉಪ್ಪಿಟ್ಟು ಸೇರಲ್ವಂತೆ ಅದಕ್ಕೇ ಇವಳಿಗೂ ಬೇಡ್ವಂತೆ! ನಾನೂ ಆಟಕ್ಕೆ ಸೇರ್ಕೊಂಡು ಅವನ ತಟ್ಟೆಗೂ ಒಂದು ಸೌಟು ಬಡಿಸಿದ್ರೆ "ಅಯ್ಯೋ ಅಜ್ಜಿ, ಅವನು ಸುಮ್‌ಸುಮ್ನೆ ಅಲ್ವಾ, ಉಪ್ಪಿಟ್ಟೂ ಸುಮ್‌ಸುಮ್ನೆ ಹಾಕು" ಅಂದ್ಲು.

ಅಮೆರಿಕದ ಮನಶ್ಶಾಸ್ತ್ರಜ್ಞೆ ಮಾರ್ಜರಿ ಟೇಲರ್ ಇಂಥ ಮಕ್ಕಳನ್ನೇ ವರ್ಷಗಟ್ಲೆ ಮಾತಾಡಿಸಿದಾರೆ. 2004ರಲ್ಲಿ ಬಂದ ಅವ್ರ ತಂಡದ ಅಧ್ಯಯನದಲ್ಲಿ 7 ವರ್ಷ ಆಗೋ ಹೊತ್ತಿಗೆ ಶೇ 65ರಷ್ಟು ಮಕ್ಕಳಿಗೆ ಒಂದಲ್ಲ ಒಂದ್ಸಲ ಇಂಥ ಗೆಳೆಯರು ಇದ್ರಂತೆ, ಗೊಂಬೆಗೆ ಜೀವ ಬರ್ಸಿ ಮಾತಾಡ್ಸೋದನ್ನೂ ಸೇರ್ಸಿ. ಪ್ರಶ್ನೆ ಕೇಳೋಕೆ ಬಂದೋರಿಗೇ "ಇದು ನಿಜ ಅಲ್ಲ, ಗೊತ್ತಲ್ವಾ" ಅಂತ ಮಕ್ಕಳೇ ತಿಳಿಸಿ ಹೇಳ್ತಿದ್ವಂತೆ. ಅಂದ್ರೆ ಗೊಂದಲ ಇರೋದು ದೊಡ್ಡೋರಿಗೇ. ಮಗು ಆ ಗೆಳೆಯನಿಗೆ ಹೆದರ್ತಿದ್ರೆ, ಊಟ ನಿದ್ದೆ ಬಿಟ್ರೆ, ಆಗ ಡಾಕ್ಟ್ರಿಗೆ ತೋರ್ಸಿ, ಇಲ್ದಿದ್ರೆ ಅದರ ಪಾಡಿಗೆ ಬಿಡಿ.

ರಷ್ಯಾದ ಮನಶ್ಶಾಸ್ತ್ರಜ್ಞ ವೈಗಾಟ್‌ಸ್ಕಿ 1933ರಲ್ಲೇ ಒಂದು ಉಪನ್ಯಾಸದಲ್ಲಿ, ಇಂಥ ಆಟದಲ್ಲೂ ನಿಯಮ ಇರುತ್ತೆ, ಮಗು ತನ್ನನ್ನ ತಾನು ತಡ್ಕೊಳ್ಳೋದನ್ನ ಅಲ್ಲೇ ಕಲಿಯೋದು ಅಂದಿದ್ರು. ಹಗ್ಗ ಹಿಡ್ಕೊಂಡು ಆಡೋ ಬಸ್ಸಾಟ ನೋಡಿ, ಕಂಡಕ್ಟರ್ "ರೈಟ್ ರೈಟ್" ಅನ್ನೋವರೆಗೂ ಡ್ರೈವರ್ ಹೆಜ್ಜೆ ಎತ್ತೋ ಹಾಗಿಲ್ಲ, ಮನೇಲಿ ಒಂದ್ನಿಮಿಷ ಸುಮ್ನೆ ಕೂರು ಅಂದ್ರೆ ಕೂರದ ಪೋರ ಅಲ್ಲಿ ಬಾಯ್ಮುಚ್ಕೊಂಡು ಕಾಯ್ತಾನೆ!

ಆದ್ರೆ ಆಡೋಕೆ ಟೈಮೆಲ್ಲಿದೆ? 2020ರ ರಾಷ್ಟ್ರೀಯ ಶಿಕ್ಷಣ ನೀತಿನೇ ಪುಟ್ಟ ಮಕ್ಕಳಿಗೆ ಆಟದಿಂದ್ಲೇ ಕಲ್ಸಿ ಅನ್ನುತ್ತೆ, ನಮ್ಮ ಮಗು ಎಲ್‌ಕೆಜಿಯಿಂದ ಬರೋವಾಗ ಎರಡು ಪೇಜ್ ಕಾಪಿರೈಟಿಂಗ್ ಹೊತ್ಕೊಂಡು ಬರುತ್ತೆ, ಪೆನ್ಸಿಲ್ ಹಿಡಿಯೋಕೇ ಇನ್ನೂ ಬೆರಳು ನೆಟ್ಟಗೆ ಬರಲ್ಲ. ಕೇಳಿದ್ರೆ ಪೇರೆಂಟ್ಸೇ ಕೇಳ್ತಾರೆ ಅಂತಾರೆ ಟೀಚರ್, ಪೇರೆಂಟ್ಸು ಸ್ಕೂಲನ್ನ ತೋರಿಸ್ತಾರೆ. ಮುಂದಿನ ಪೇರೆಂಟ್ಸ್ ಮೀಟಿಂಗಲ್ಲಿ ಯಾರಾದ್ರೂ ಒಬ್ರು ಎದ್ದು ಈ ಹೋಮ್‌ವರ್ಕ್ ನಿಲ್ಸಿ ಅಂತ ಕೇಳ್ಬೇಕು, ನಾನಂತೂ ಕೇಳ್ತೀನಿ.

ಇಂತಿ,
ಒಬ್ಬ ಅಜ್ಜಿ, ಮೈಸೂರು